ತೆರೆಯ ಮೇಲಿನ ದೆವ್ವ ಹೆಣ್ಣೇ ಯಾಕೆ?

ತೊಂಬತ್ತರ ದಶಕದಲ್ಲಿ ನಾನಿನ್ನೂ ಶಾಲಾ ಹುಡುಗಿ. ಬೆಂಗಳೂರಿನ ನಮ್ಮ ಮನೆಯ ಬಾಗಿಲ ಮೇಲೆ ಅಜ್ಜಿ ಸೀಮೆಸುಣ್ಣದಲ್ಲಿ ‘ನಾಳೆ ಬಾ’ ಎಂದು ಬರೆದಿದ್ದರು. ರಾತ್ರಿ ಹೆಣ್ಣು ದೆವ್ವವೊಂದು ನಮ್ಮವರದೇ ದನಿಯಲ್ಲಿ ಕರೆಯುತ್ತದೆ, ಬಾಗಿಲು ತೆರೆದರೆ ಮುಗಿಯಿತು ಎಂಬ ಗುಲ್ಲು ಊರೆಲ್ಲ ಹಬ್ಬಿತ್ತು. ಬರಹ ಓದಿದ ದೆವ್ವ ವಾಪಸಾಗಿ, ಮರುದಿನ ಬಂದು ಮತ್ತೆ ಅದನ್ನೇ ಓದುತ್ತದಂತೆ! “ದೆವ್ವಕ್ಕೆ ಕನ್ನಡ ಓದೋಕೆ ಬರುತ್ತಾ ಅಜ್ಜಿ?” ಎಂದು ಕೇಳಿ ಬೈಸಿಕೊಂಡಿದ್ದೆ.

2018ರಲ್ಲಿ ಮುಂಬೈಯ ಚಿತ್ರಮಂದಿರದಲ್ಲಿ ‘ಸ್ತ್ರೀ’ ನೋಡುತ್ತಿದ್ದಾಗ, ಚಂದೇರಿಯ ಗೋಡೆಗಳ ಮೇಲೆ ಅದೇ ಮಾತು ಹಿಂದಿಯಲ್ಲಿ ಕಂಡಿತು. ಸುತ್ತಲಿನವರೆಲ್ಲ ನಗುತ್ತಿದ್ದರು. ನನಗೆ ಮಾತ್ರ ಅಜ್ಜಿಯ ಬಾಗಿಲು ನೆನಪಾಯಿತು. ನಮ್ಮ ಸಿನಿಮಾಗಳಲ್ಲಿ ದೆವ್ವ ಹೆಚ್ಚಾಗಿ ಹೆಣ್ಣೇ ಯಾಕೆ ಎಂಬ ಪ್ರಶ್ನೆ ಅಂದಿನಿಂದ ನನ್ನನ್ನು ಬಿಟ್ಟಿಲ್ಲ. ಹಳೆಯ ಚಿತ್ರಗಳನ್ನು ಒಂದೊಂದಾಗಿ ಮತ್ತೆ ನೋಡಿದೆ.

ಮೊದಲು ನೋಡಿದ್ದು ನಮ್ಮ ಮಲಾಡಿನ ಬಾಂಬೆ ಟಾಕೀಸ್ ಸಂಸ್ಥೆಯ ‘ಮಹಲ್’ (1949). ನಿರ್ದೇಶನ ಕಮಾಲ್ ಅಮ್ರೋಹಿ ಅವರದು. ಎಪ್ಪತ್ತೈದು ವರ್ಷ ಕಳೆದ ಮೇಲೆ ಗುಟ್ಟು ಹೇಳಿದರೆ ತಪ್ಪಿಲ್ಲ: ಮಧುಬಾಲಾ ಅಲ್ಲಿ ದೆವ್ವವೇ ಅಲ್ಲ, ಮಾಲಿಯ ಮಗಳು! ಮಹಲಿನ ಒಡೆಯ ತನ್ನತ್ತ ತಿರುಗಿ ನೋಡಬೇಕಾದರೆ ಬಡ ಹುಡುಗಿ ದೆವ್ವದ ವೇಷ ಹಾಕಬೇಕಾಯಿತು.

ಕನ್ನಡಿಗರನ್ನು ಬೆಚ್ಚಿಬೀಳಿಸಿದ ‘ನಾ ನಿನ್ನ ಬಿಡಲಾರೆ’ (1979) ಚಿತ್ರದಲ್ಲಿ ಹೆಣ್ಣಿನ ಆತ್ಮ ಅನಂತನಾಗ್ ಮೈಮೇಲೆ ಬರುತ್ತದೆ. ಹೆಂಡತಿಯಾದ ಲಕ್ಷ್ಮಿ ಗಂಡನನ್ನು ಉಳಿಸಿಕೊಳ್ಳಲು ಒದ್ದಾಡುತ್ತಾಳೆ. ಕಾಡುವವಳೂ ಹೆಣ್ಣು, ಕಾಯುವವಳೂ ಹೆಣ್ಣು. ಮಲಯಾಳದ ‘ಮಣಿಚಿತ್ರತಾಳ್’ (1993) ಕನ್ನಡದಲ್ಲಿ ‘ಆಪ್ತಮಿತ್ರ’ (2004) ಆಯಿತು. ರಾಜನ ಕ್ರೌರ್ಯಕ್ಕೆ ಪ್ರಿಯಕರನನ್ನೂ ಪ್ರಾಣವನ್ನೂ ಕಳೆದುಕೊಂಡ ನರ್ತಕಿ ನಾಗವಲ್ಲಿಯ ಕಥೆ ಗಂಗಾಳ ಮನಸ್ಸಿಗೆ ಇಳಿಯುತ್ತದೆ. ಸೌಂದರ್ಯ ಆ ಪಾತ್ರಕ್ಕೆ ಜೀವ ತುಂಬಿದರು. ಚಿತ್ರ ತೆರೆಗೆ ಬರುವ ಮೊದಲೇ, ಅದೇ ಏಪ್ರಿಲ್‌ನಲ್ಲಿ, ವಿಮಾನ ಅಪಘಾತದಲ್ಲಿ ತೀರಿಕೊಂಡರು. ಇವತ್ತಿಗೂ ಆ ನೃತ್ಯ ನೋಡುವಾಗ ಹೆದರಿಕೆಗಿಂತ ಸಂಕಟವೇ ಹೆಚ್ಚು.

ಇಲ್ಲಿಯವರೆಗೆ ಕಥೆ ಮುಗಿಯುತ್ತಿದ್ದುದು ದೆವ್ವ ತೊಲಗಿದಾಗ. ಆಕೆಗೆ ಅನ್ಯಾಯ ಮಾಡಿದವರ ಬಗ್ಗೆ ಹೆಚ್ಚು ಮಾತಿಲ್ಲ. ‘ಸ್ತ್ರೀ’ ಅದನ್ನು ಸ್ವಲ್ಪ ಬದಲಿಸಿತು. ಕೊನೆಗೆ ಊರಿನವರು ಅವಳನ್ನು ‘ನಾಳೆ ಬಾ’ ಎಂದು ಸಾಗಹಾಕದೆ, ‘ನಮ್ಮನ್ನು ಕಾಪಾಡು’ ಎಂದು ಬೇಡುತ್ತಾರೆ. ಅನ್ವಿತಾ ದತ್ ನಿರ್ದೇಶಿಸಿದ ‘ಬುಲ್‌ಬುಲ್’ (2020) ಇನ್ನೂ ಮುಂದೆ ಹೋಯಿತು. ಹಿಂದಿನ ಕಾಲದ ಬಂಗಾಳದಲ್ಲಿ ಬಾಲವಧುವಾಗಿ ಬಂದವಳ ಕಾಲುಗಳನ್ನು ಗಂಡನೇ ಹೊಡೆದು ಮುರಿಯುತ್ತಾನೆ. ದೆವ್ವದ ಪಾದ ಹಿಂದುಮುಂದು ಎಂದು ಚಿಕ್ಕಂದಿನಲ್ಲಿ ಕೇಳಿದ್ದೆವಲ್ಲ, ಅದನ್ನು ತಿರುಚಿದ್ದು ಯಾರೆಂದು ನಾವು ಕೇಳಿರಲೇ ಇಲ್ಲ.

ಇತ್ತೀಚೆಗೆ ನೋಡಿದ ವೆಬ್ ಸರಣಿ, ಸ್ಮಿತಾ ಸಿಂಗ್ ಅವರ ‘ಖೌಫ್’ (2025). ದೆಹಲಿಯ ಉದ್ಯೋಗಸ್ಥ ಮಹಿಳೆಯರ ಹಾಸ್ಟೆಲ್, ಎಂಟು ಕಂತುಗಳು. ಭಯ ಕೋಣೆಯೊಳಗಷ್ಟೇ ಅಲ್ಲ, ಬಸ್ಸಿನಲ್ಲಿ, ಬೀದಿಯಲ್ಲಿ, ಮಧು ಅನುಭವಿಸಿದ ಹಳೆಯ ದೌರ್ಜನ್ಯದ ನೆನಪಿನಲ್ಲಿ. ಎರಡನೇ ಕಂತಿಗೇ ನಿಲ್ಲಿಸಿ ಫೋನ್ ಎತ್ತಿಕೊಂಡೆ. ನನ್ನ ಮಗಳೂ ಪುಣೆಯಲ್ಲಿ ಹಾಸ್ಟೆಲ್‌ನಲ್ಲಿದ್ದಾಳೆ. “ತಲುಪಿದೆ ಅಮ್ಮ” ಎಂಬ ಅವಳ ಸಂದೇಶ ಬರುವವರೆಗೆ ನನಗೆ ನಿದ್ದೆಯಿಲ್ಲ. ಆ ಹೊತ್ತಿನಲ್ಲಿ ನಾನು ಹೆದರುವುದು ದೆವ್ವಕ್ಕಂತೂ ಅಲ್ಲ.

ಗೆಳತಿಯರೇ, ಇವನ್ನೆಲ್ಲ ಬಿಡುವಾದಾಗ ನೋಡಿ. ಸಾಧ್ಯವಾದರೆ ಮಗಳ ಜೊತೆ ಕುಳಿತು ನೋಡಿ, ಮಗನನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳಿ. ದೆವ್ವ ಕಂಡು ಅವನು ಕಿರುಚಿದರೆ ಒಂದೇ ಪ್ರಶ್ನೆ ಕೇಳಿ: ಅವಳು ಸತ್ತದ್ದು ಹೇಗೆ?