ಬಂದೀನಿ

ಗದಗ-ಬೆಟಗೇರಿ, ಶಿರಹಟ್ಟಿ, ಮುಂಡರಗಿಯ ಮಾತಿನಲ್ಲಿ ‘ಬಂದೆ’ ಬೇರೆ, ‘ಬಂದೀನಿ’ ಬೇರೆ. ‘ಬಂದು’ವಿಗೆ ‘ಅದೀನಿ’ (ಇದ್ದೇನೆ) ಕೂಡಿ ‘ಬಂದೀನಿ’ ಆಗಿದೆ ಎನ್ನಲು ‘ಬಂದೈತಿ’ಯೇ ಸಾಕ್ಷಿ, ಅಲ್ಲಿ ‘ಐತಿ’ (ಇದೆ) ಇಡಿಯಾಗಿ ಉಳಿದಿದೆ. ಬರುವ ಕೆಲಸ ಮುಗಿದರೂ ಬಂದವನು ಇಲ್ಲೇ ಇದ್ದಾನೆ ಎಂಬುದು ‘ಬಂದೀನಿ’ಯ ಇಂಗಿತ. ಇಂಗ್ಲಿಷಿನ ‘ಐ ಕೇಮ್’, ‘ಐ ಹ್ಯಾವ್ ಕಮ್’ ಜೋಡಿಯ ಅಂತರವೂ ಹೆಚ್ಚುಕಡಿಮೆ ಇದೇ. ಹಾಗಿದ್ದೂ ನಮ್ಮವರು ‘ಐ ಹ್ಯಾವ್ ಸೀನ್ ಹಿಮ್ ಯೆಸ್ಟರ್‌ಡೇ’ ಎಂದು ಎಡವುವುದೇಕೆ? ನಮ್ಮ ‘ನೋಡೀನಿ’ ‘ನಿನ್ನೆ’ಯನ್ನು ಸಲೀಸಾಗಿ ಜೊತೆಗೆ ಕರೆದುಕೊಳ್ಳುತ್ತದೆ, ಅವರ ‘ಹ್ಯಾವ್’ ಮುಗಿದ ಹೊತ್ತಿನ ಹೆಸರನ್ನು ಒಲ್ಲದು. ‘ನಿನ್ನೆ’, ‘ಹೋದ ವಾರ’, ‘2010ರಲ್ಲಿ’ ಎಂದೊಡನೆ ಅಲ್ಲಿ ಬರಿಯ ಭೂತಕಾಲವೇ ಆಗಬೇಕು: ‘ಐ ಸಾ ಹಿಮ್ ಯೆಸ್ಟರ್‌ಡೇ’.

ಇದು ಆಡುಮಾತಿನ ದೋಷ, ಶುದ್ಧ ಕನ್ನಡ ಕಲಿತರೆ ಹೋದೀತು ಎನ್ನುವವರುಂಟು. ಒಪ್ಪಲಾಗದು. ಗ್ರಾಂಥಿಕವಾದ ‘ನಿನ್ನೆ ನೋಡಿದ್ದೇನೆ’ಯಲ್ಲೂ ಅದೇ ಸಡಿಲಿಕೆ ಇದೆ. ಅದೂ ಅಲ್ಲದೆ ಇಲ್ಲಿಯ ಪುಲಿಗೆರೆ, ಅಂದರೆ ಲಕ್ಷ್ಮೇಶ್ವರ, 9ನೇ ಶತಮಾನದ ‘ಕವಿರಾಜಮಾರ್ಗ’ ತಿರುಳ್ಗನ್ನಡದ (ಅಚ್ಚಗನ್ನಡದ) ಸೀಮೆಗೆ ಹೆಸರಿಸುವ ನಾಲ್ಕು ಊರುಗಳಲ್ಲಿ ಒಂದು. ಅಶುದ್ಧಿಯ ಹಣೆಪಟ್ಟಿಯನ್ನು ಬೇರೆಡೆ ಹಚ್ಚಬಹುದೇನೋ! ತಪ್ಪು ಹುಟ್ಟುವುದು ಅಜ್ಞಾನದಿಂದಲ್ಲ, ತಾಯ್ನುಡಿಯ ಸರಿಯಾದ ನಿಯಮವನ್ನೇ ಅತ್ತ ಒಯ್ಯುವುದರಿಂದ. ಹಾಗಾಗಿ ಕ್ರಿಯಾಪದಗಳ ಪಟ್ಟಿ ಉರುಹೊಡೆಸುವ ಮುನ್ನ, ವಾಕ್ಯ ‘ಯಾವಾಗ?’ ಎಂಬುದಕ್ಕೆ ಉತ್ತರ ಕೊಡುತ್ತಿದೆಯೇ ಎಂದು ಹುಡುಗರಿಂದ ಕೇಳಿಸುವುದು ಮೇಲು.