ಚಿಂತಾಮಣಿ ರಘುನಾಥಾಚಾರ್ಯ

ಹತ್ತೊಂಬತ್ತನೆಯ ಶತಮಾನದ ಖಗೋಳಜ್ಞ. ಮದರಾಸು ವೀಕ್ಷಣಾಲಯದ ಪ್ರಥಮ ಸಹಾಯಕ. ಆಗ ಕನ್ನಡ, ತೆಲುಗು, ತಮಿಳು ಕಲೆತ ಸೀಮೆಗಳ ಮನೆಗಳಿಗೆ ಆಕಾಶದ ಸುದ್ದಿ ಬರುತ್ತಿದ್ದುದು ಪಂಚಾಂಗದ ಮೂಲಕ. ರಘುನಾಥಾಚಾರ್ಯರು ಹಗಲಿರುಳು ದುಡಿದದ್ದು ದೂರದರ್ಶಕದ ಬಳಿ. ಆದರೂ ಪಂಚಾಂಗವನ್ನು ಕೈಬಿಡಲಿಲ್ಲ.

ಎನ್. ಆರ್. ಪೋಗ್ಸನ್ ವೀಕ್ಷಣಾಲಯದ ಮುಖ್ಯಸ್ಥರಾಗಿದ್ದ ಕಾಲ ಅದು. 1867ರಲ್ಲಿ ರಘುನಾಥಾಚಾರ್ಯರು ‘ಆರ್ ರೆಟಿಕ್ಯುಲೈ’ ಎಂಬ ಚಂಚಲ ನಕ್ಷತ್ರವನ್ನು ಪತ್ತೆಮಾಡಿದರು. ಸುಮಾರು ಒಂಬತ್ತು ತಿಂಗಳಿಗೊಮ್ಮೆ ಬೆಳಗಿ ಮಂಕಾಗುವ ಈ ನಕ್ಷತ್ರ ಮದರಾಸಿನಲ್ಲಿ ದಕ್ಷಿಣ ದಿಗಂತದಿಂದ 14 ಡಿಗ್ರಿಯಷ್ಟು ಮಾತ್ರ ಮೇಲೇರುತ್ತದೆ. ಅಷ್ಟು ಕೆಳಗಿನ ಮಸುಕಿನಲ್ಲಿ ಅದರ ಏರಿಳಿತ ಗುರುತಿಸಿದ್ದೇ ಕಣ್ಣಿನ ಹದಕ್ಕೆ ಸಾಕ್ಷಿ. 1872ರ ಜನವರಿಯಲ್ಲಿ ಲಂಡನ್ನಿನ ರಾಯಲ್ ಅಸ್ಟ್ರನಾಮಿಕಲ್ ಸೊಸೈಟಿ ಅವರನ್ನು ಫೆಲೋ ಆಗಿ ಆರಿಸಿತು.

1868ರ ಆಗಸ್ಟ್ 18ರ ಖಗ್ರಾಸ ಸೂರ್ಯಗ್ರಹಣಕ್ಕೆ ಅವರು ವನಪರ್ತಿಗೆ ಹೋದರು, 1871ರ ಡಿಸೆಂಬರ್ 12ರ ಗ್ರಹಣಕ್ಕೆ ಕೊಯಮತ್ತೂರು ಜಿಲ್ಲೆಯ ಅವಿನಾಶಿಗೆ. ಈ ಎರಡನೆಯದನ್ನೇ ಇಂಗ್ಲೆಂಡಿನ ಖಗೋಳಜ್ಞ ನಾರ್ಮನ್ ಲಾಕ್ಯರ್ ಆಗ ದಕ್ಷಿಣ ಕನ್ನಡಕ್ಕೆ ಸೇರಿದ್ದ ಬೇಕಲದಿಂದ ನೋಡಿದರು.

ಮುಂದೆ ಬಂದದ್ದು 1874ರ ಡಿಸೆಂಬರ್ 9ರ ಶುಕ್ರ ಸಂಕ್ರಮ. ಶುಕ್ರಗ್ರಹ ಚಿಕ್ಕ ಕಪ್ಪು ಬೊಟ್ಟಾಗಿ ಸೂರ್ಯಬಿಂಬವನ್ನು ಹಾಯಲು ನಾಲ್ಕು ಗಂಟೆಗೂ ಹೆಚ್ಚು ಹೊತ್ತು ಬೇಕಿತ್ತು. ಭೂಮಿಯ ಬೇರೆ ಬೇರೆ ಜಾಗಗಳಿಂದ ನೋಡಿದವರಿಗೆ ಆ ಬೊಟ್ಟಿನ ದಾರಿ ತುಸು ಸರಿದಂತೆ ಕಾಣುತ್ತದೆ. ಆ ಸರಿಯುವಿಕೆಯನ್ನು ಅಳೆದರೆ ಸೂರ್ಯನ ದೂರದ ಲೆಕ್ಕ ಸಿಗುತ್ತದೆ. ಯುರೋಪು, ಅಮೆರಿಕಗಳ ತಂಡಗಳು ಇದಕ್ಕೆಂದೇ ಹಡಗು ಹತ್ತಿದವು. ರಘುನಾಥಾಚಾರ್ಯರು ನೋಡುವುದಷ್ಟಕ್ಕೇ ನಿಲ್ಲದೆ, ನಮ್ಮ ಜನಕ್ಕೂ ಇದು ಏನೆಂದು ತಿಳಿಯಬೇಕೆಂದು ಚಿಕ್ಕ ಹೊತ್ತಗೆ ಬರೆದರು. ಇಂಗ್ಲಿಷ್ ಜೊತೆಗೆ ದೇಶಭಾಷೆಗಳಲ್ಲೂ ಅದು ಬಂತು, ಅವುಗಳಲ್ಲಿ ಕನ್ನಡವೂ ಒಂದು. ಅದರ ಬಗೆಯೂ ಜಾಣತನದ್ದು: ಸಿದ್ಧಾಂತಿಯೊಬ್ಬ ತನ್ನ ಪಂಡಿತ ಗೆಳೆಯರೊಡನೆ ನಡೆಸುವ ಮಾತುಕತೆ. ಓದುಗನ ಅನುಮಾನವನ್ನು ಪಂಡಿತರೇ ಮೊದಲು ಕೇಳಿಬಿಡುತ್ತಾರೆ.

ಪಂಚಾಂಗದ ವಿಷಯದಲ್ಲಿ ಮಾತ್ರ ಅವರು ಜಗಳಕ್ಕೇ ಇಳಿಯಬೇಕಾಯಿತು. ಸಿದ್ಧ ಸೂತ್ರವಾಕ್ಯಗಳನ್ನು ನೆಚ್ಚಿದ ಹಳೆಯ ವಾಕ್ಯ ಪದ್ಧತಿಯ ಲೆಕ್ಕಕ್ಕೂ ಬಾನಿನಲ್ಲಿ ಕಾಣುವುದಕ್ಕೂ ಅಂತರ ಬೆಳೆದಿತ್ತು. ಕಣ್ಣಿಗೆ ಕಂಡದ್ದಕ್ಕೆ ಹೊಂದುವ ‘ದೃಗ್ಗಣಿತ ಪಂಚಾಂಗ’ವನ್ನು ಅವರು ಹೊರತಂದಾಗ ಸಂಪ್ರದಾಯಸ್ಥರು ಮುನಿದರು. ತಿಥಿ ಬದಲಾದರೆ ಶ್ರಾದ್ಧದ ದಿನವೂ ಬದಲಾಗುತ್ತದೆ. ಮುನಿಸು ಬರಿಯ ಗಣಿತದ್ದಲ್ಲ.

ಅವರು ತೀರಿಕೊಂಡದ್ದು 1880ರಲ್ಲಿ. ರಘುನಾಥಾಚಾರ್ಯರ ಕುರಿತು ಬೆಂಗಳೂರಿನ ಖಗೋಳಜ್ಞೆ ಬಿ. ಎಸ್. ಶೈಲಜಾ ಬರೆದ ಇಂಗ್ಲಿಷ್ ಪುಸ್ತಕ 2012ರಲ್ಲಿ, ಮತ್ತೊಂದು ಶುಕ್ರ ಸಂಕ್ರಮದ ವರ್ಷದಲ್ಲೇ, ಪ್ರಕಟವಾಯಿತು. ಮದರಾಸು ವೀಕ್ಷಣಾಲಯದ ಕೆಲಸ 1899ರಲ್ಲಿ ಕೊಡೈಕೆನಾಲಿಗೆ ಸಾಗಿತು. ಅದೇ ಪರಂಪರೆಯ ಭಾರತೀಯ ಖಭೌತ ಸಂಸ್ಥೆ ಇಂದು ಬೆಂಗಳೂರಿನಲ್ಲಿದೆ. ಅಲ್ಲಿಂದ ಹೊಸೂರು, ಕೃಷ್ಣಗಿರಿ, ವಾಣಿಯಂಬಾಡಿ ದಾಟಿದರೆ ಜವಾದಿ ಬೆಟ್ಟಗಳ ಕಾವಲೂರು, ಅಲ್ಲಿನ 2.34 ಮೀಟರ್ ದೂರದರ್ಶಕ 1986ರಲ್ಲಿ ಉದ್ಘಾಟನೆಯಾಯಿತು. ಶನಿವಾರಗಳಂದು ಜನಸಾಮಾನ್ಯರಿಗೂ ಆಕಾಶ ತೋರಿಸುವ ರೂಢಿ ಅಲ್ಲಿದೆ. ಆರ್ ರೆಟಿಕ್ಯುಲೈ ಆ ಬೆಟ್ಟದಿಂದಲೂ ದಕ್ಷಿಣ ದಿಗಂತದ ಅಂಚಿನಲ್ಲೇ ಹಾಯುತ್ತದೆ.