ಅಂಟಿನ ಹೂವಿಗೊಂದು ಹೆಸರು

ಎಡಿನ್‌ಬರೋ ನಗರದ ಮಗ್ಗುಲಲ್ಲೇ ತಲೆಯೆತ್ತಿರುವ ಆರ್ಥರ್ಸ್ ಸೀಟ್ ಎಂಬ ಗುಡ್ಡವು ಎಂದೋ ಆರಿಹೋದ ಅಗ್ನಿಪರ್ವತದ ಅವಶೇಷ; ಅದರ ಕರಿಬಂಡೆಗಳ ಬಿರುಕಿನಲ್ಲಿ, ಹಿಡಿಮಣ್ಣನ್ನೇ ಆಶ್ರಯಿಸಿದ ಮೊಳದೆತ್ತರದ ಗಿಡವೊಂದು ಮೇ-ಜೂನ್ ತಿಂಗಳುಗಳಲ್ಲಿ ಐದೆಸಳಿನ ಕೆನ್ನೇರಳೆ ಹೂಗಳನ್ನು ತಳೆಯುತ್ತದೆ. ಬ್ರಿಟನ್ನಿನಲ್ಲಿ ವಿರಳವೂ ಸ್ವೀಡನ್, ಫಿನ್‌ಲೆಂಡುಗಳಲ್ಲಿ ಸುಪರಿಚಿತವೂ ಆದ ಈ ಸಸ್ಯಕ್ಕೆ ಸಸ್ಯಶಾಸ್ತ್ರದ ಪಂಡಿತ ಲಿನ್ನೇಯಸನು 1753ರಲ್ಲಿ ಇತ್ತ ಹೆಸರು 'ಲಿಕ್ನಿಸ್ ವಿಸ್ಕಾರಿಯ'. ಲಿಕ್ನಿಸ್ ಎಂಬುದರ ಮೂಲ ಗ್ರೀಕರ ದೀಪ. ಅದಿರಲಿ, ನನ್ನ ಮನಸ್ಸನ್ನು ಹಿಡಿದದ್ದು ಉತ್ತರಪದ.

ವಿಸ್ಕಾರಿಯದ ಬೇರಾದ ವಿಸ್ಕುಮ್ ಎಂದರೆ ಲ್ಯಾಟಿನ್ನಿನಲ್ಲಿ ಮಿಸಲ್‌ಟೋ, ನಮ್ಮ ಮಾವಿನ ಮರಕ್ಕೆ ಹತ್ತುವ ಬಂದಳಿಕೆಯ ದಾಯಾದಿ. ಅದರ ಹಣ್ಣನ್ನು ಅರೆದು, ಅಂಟು ಮಾಡಿ, ಕಡ್ಡಿಗಳಿಗೆ ಬಳಿದು ಹಕ್ಕಿಗಳನ್ನು ಹಿಡಿಯುತ್ತಿದ್ದುದರಿಂದ ಆ ಅಂಟಿಗೂ ಅದೇ ಹೆಸರಾಯಿತು. ಇಂದು ಎಂಜಿನ್ ಎಣ್ಣೆಯ ಡಬ್ಬಿಯ ಮೇಲೆ ಕಾಣುವ 'ವಿಸ್ಕಾಸಿಟಿ' ಎಂಬ ಸಾಧುವಾದ ಮಾತಿನ ಬೇರಿನಲ್ಲಿ ಹೀಗೆ ಒಂದು ಬೇಡನ ಬಲೆಯಿದೆ.

ನಮ್ಮ ಗಿಡಕ್ಕೆ ವಿಸ್ಕಾರಿಯ ಎಂಬ ಹೆಸರು ತಂದ ಅಂಟು ಇರುವುದು ಎಲೆಯಲ್ಲಲ್ಲ, ಹೂವಿನಲ್ಲೂ ಅಲ್ಲ. ಕಾಂಡದ ಮೇಲ್ಭಾಗದ ಗಿಣ್ಣುಗಳ ಕೆಳಗೆ, ಕರಿಬಳೆ ತೊಡಿಸಿದಂತೆ ಕಾಣುವ ಪಟ್ಟಿಯಲ್ಲಿ. ಆ ಬಳೆಗೆ ಸಿಕ್ಕಿಬಿದ್ದ ಕಿರುನೊಣವನ್ನು ಕಂಡ ಇಂಗ್ಲಿಷರು ಇದನ್ನು ನೊಣಹಿಡುಕವೆಂದರು. ಪೈನ್ ಮರವನ್ನು ಮಂದವಾಗಿ ಸುಟ್ಟು ಟಾರು ಇಳಿಸಿ ದೋಣಿಗಳಿಗೆ ಬಳಿಯುತ್ತಿದ್ದ ಸ್ವೀಡನ್ನಿನವರು ಟಾರಿನ ಹೂವೆಂದರು. ಗಿಡವು ನೊಣವನ್ನು ತಿನ್ನುವುದಿಲ್ಲ ಎಂಬುದನ್ನು ನೆನೆದರೆ ಇಂಗ್ಲಿಷರ ಹೆಸರು ಕೊಂಚ ಅನ್ಯಾಯದ್ದೆಂದೇ ನನ್ನ ಅಭಿಪ್ರಾಯ. ದುಂಬಿಗಾಗಿ ಕೂಡಿಟ್ಟ ಮಕರಂದವನ್ನು, ಪರಾಗವನ್ನು ಒಯ್ಯದ ಇರುವೆಗಳು ಕಾಂಡವನ್ನೇರಿ ಕದಿಯದಂತೆ ತಡೆಯುವ ಬೇಲಿಯೇ ಈ ಅಂಟಿನ ಬಳೆ ಎಂದು ಆಸ್ಟ್ರಿಯದ ಸಸ್ಯಜ್ಞ ಆಂಟನ್ ಕೆರ್ನರ್ 1876ರಲ್ಲಿಯೇ ವಿವರಿಸಿದ್ದನು.

ವಿಸ್ಕಾಸಿಟಿಗೆ ನಮ್ಮ ಪಠ್ಯಪುಸ್ತಕಗಳು ಕೊಟ್ಟಿರುವ ಪದ 'ಸ್ನಿಗ್ಧತೆ'. ಎಣ್ಣೆಯ ನುಣುಪನ್ನು ಹೇಳುವ ಮಾತು ಅಂಟಿಗೆ ಹೇಗೆ ಒಗ್ಗೀತೆಂದು ಬಹುಕಾಲ ಸಂಶಯಪಟ್ಟಿದ್ದೆನು. ಆದರೆ ಸ್ನಿಗ್ಧದ ಮೂಲವಾದ ಸಂಸ್ಕೃತದ 'ಸ್ನಿಹ್' ಧಾತುವಿಗೆ ಅಂಟಿಕೊಳ್ಳುವುದು, ಒಲಿಯುವುದು ಎಂಬೆರಡು ಅರ್ಥಗಳೂ ಇವೆ. ಅದರಿಂದ ಹುಟ್ಟಿದ 'ಸ್ನೇಹ'ವು ಎಣ್ಣೆಯೂ ಹೌದು, ಗೆಳೆತನವೂ ಹೌದು. ಕನ್ನಡದ ಜನ ಸಂಸ್ಕೃತದ ಹಂಗಿಲ್ಲದೆಯೇ 'ಅಂಟುನಂಟು' ಎಂದು ಅಂಟನ್ನೂ ಒಲವನ್ನೂ ಒಂದೇ ಉಸಿರಿನಲ್ಲಿ ನುಡಿದುಬಿಟ್ಟರು. ವಿಸ್ಕಾಸಿಟಿಯಲ್ಲಿ ಬೇಡನ ಅಂಟು, ಸ್ನಿಗ್ಧತೆಯಲ್ಲಿ ನೆಂಟನ ಅಂಟು. ಈ ಭೇದವನ್ನು ಕಂಡಂದಿನಿಂದ ಸ್ನಿಗ್ಧತೆಯೆಂಬ ಪದದ ಮೇಲೆ ನನಗೆ ಅಪಾರ ಗೌರವ.

ಕೈಗೆ ಹತ್ತುವ ಅಂಟು ನಮಗೂ ಹೊಸತಲ್ಲ: ಹಲಸಿನ ಹಣ್ಣು ಬಿಡಿಸಲು ಕುಳಿತವರು ಮೊದಲು ಅಂಗೈಗೂ ಕತ್ತಿಗೂ ಕೊಬ್ಬರಿ ಎಣ್ಣೆ ಸವರಿಕೊಳ್ಳುತ್ತಾರೆ. ಸವರದೆ ಕೈಯಿಟ್ಟ ಮಗುವಿನ ಬೆರಳುಗಳು ಹಲಸಿನ ಮೇಣದಿಂದ ಒಂದಕ್ಕೊಂದು ಹತ್ತಿಕೊಂಡು, ನೀರಿಗೂ ಸೋಪಿಗೂ ಜಗ್ಗದೆ, ಕಡೆಗೆ ಎಣ್ಣೆಗೇ ಶರಣಾಗಬೇಕು. ಉತ್ತರದ ನಾವಿಕನ ಕೈಗೆ ಟಾರು ಹೇಗೋ ನಮ್ಮ ಕೈಗೆ ಆ ಮೇಣ ಹಾಗೆ. ಆರ್ಥರ್ಸ್ ಸೀಟಿನ ಆ ಗಿಡವು ಮಲೆನಾಡಿನಲ್ಲಿ ಬೆಳೆದಿದ್ದರೆ ಅದರ ಹೆಸರು ಮೇಣದ ಹೂವೆಂದೇ ಆಗುತ್ತಿತ್ತು.